ಓದುಗರ ಸ್ಪಂದನ: ಮನೆಯಲ್ಲಿ ಮಾತೇ ನಿಂತುಹೋಗಿದೆ

(ಮಲೆನಾಡಿನಿಂದ ಮದುವೆಯಾಗಿ ಚಿತ್ರದುರ್ಗಕ್ಕೆ ಬಂದ ಓದುಗರೊಬ್ಬರು ಬರೆದಿದ್ದರು: ಗಂಡ ಒಳ್ಳೆಯವರು. ಆದರೆ ಎರಡು ವರ್ಷದಿಂದ ಮಾತಿಲ್ಲ, ಮುಟ್ಟುವುದೂ ಇಲ್ಲ. ಕಿಟಕಿ ತೆಗೆದರೆ ಬರೀ ಬಂಡೆ. ಸಂಜೆ ಒಬ್ಬಳೇ ಕೋಟೆಗೆ ಹೋಗಿ ಕೂರುತ್ತೇನೆ. ಏನು ಮಾಡಲಿ?)

ತಂಗಿ, ನಾನೂ ಅಂಥ ಗಂಡನೇ ಆಗಿದ್ದೆ. ಹೊಲದಲ್ಲಿ ಎರಡು ಬೋರ್ ಕೊರೆಸಿದೆ. ಎರಡರಲ್ಲೂ ನೀರಿಲ್ಲ, ಬರೀ ಕಲ್ಲಿನ ಪುಡಿ. ಸಾಲದ ವಿಷಯ ಮನೆಯಲ್ಲಿ ಹೇಳಲಿಲ್ಲ. ಬಾಯಿ ಬಿಟ್ಟರೆ ಎಲ್ಲಿ ಅದೇ ಹೊರಗೆ ಬಂದುಬಿಡುತ್ತದೋ ಅಂತ ಬೇರೆ ಮಾತನ್ನೂ ಬಿಟ್ಟೆ. ರಾತ್ರಿ ಗೋಡೆ ಕಡೆ ತಿರುಗಿ ಮಲಗುತ್ತಿದ್ದೆ. ಅವಳಿಗೆ ಏನೇನೋ ಅನ್ನಿಸಿತ್ತು, ಪಾಪ. ಒಂದು ದಿನ ಊಟಕ್ಕೆ ಬಡಿಸುತ್ತಾ, ಯಾಕೆ ಮಾತಾಡಲ್ಲ ಅಂತ ಕೇಳಲಿಲ್ಲ. ‘ಎಷ್ಟಾಗಿದೆ?’ ಅಂದಳು. ತಟ್ಟೆ ಮುಂದೆಯೇ ಅತ್ತುಬಿಟ್ಟೆ.

ಓಬವ್ವನ ಕಿಂಡಿ ಹತ್ತಿರ ಹೋದಾಗಲೆಲ್ಲ ನನಗೆ ಒನಕೆಗಿಂತ ಮೊದಲು ಆ ಊಟ ನೆನಪಾಗುತ್ತದೆ. ಕಾವಲಿನ ಗಂಡ ಉಣ್ಣಲು ಬಂದಿದ್ದ. ಅವನಿಗೆ ನೀರು ತರಲು ಅವಳು ಹೋಗಿದ್ದಳು. ಹೈದರಾಲಿಯ ಸೈನ್ಯ ಕಂಡರೂ ಉಣ್ಣುವವನನ್ನು ಎಬ್ಬಿಸಲಿಲ್ಲ ಅಂತ ನಮ್ಮ ಕಡೆ ಹೇಳುತ್ತಾರೆ. ನಿಮ್ಮವರದ್ದು ಸಾಲವೇ ಇರಬೇಕು ಅಂತಲ್ಲ. ಆದರೆ ಏನೋ ಇದೆ. ಊಟದ ಹೊತ್ತಲ್ಲಿ ಪಕ್ಕದಲ್ಲಿ ಕೂತು ಕೇಳಿ ನೋಡಿ.
– ಓದುಗ, ಚಳ್ಳಕೆರೆ

ಮೇಲಿನ ಅಣ್ಣನ ಮಾತು ನಿಜ. ಆದರೂ ಎರಡು ವರ್ಷ ಕಾದವರೇ ಮತ್ತೆ ಕೇಳಬೇಕಾ ಅಂತ ನನಗೆ ಸಂಕಟವಾಯಿತು. ಕೇಳಿದರೂ ಅವರು ಬಾಯಿ ಬಿಡದಿದ್ದರೆ ನೀವೇ ತಪ್ಪು ಮಾಡಿದ್ದೀರಿ ಅಂದುಕೊಳ್ಳಬೇಡಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ. ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡು ಕೊಡಬೇಕಿಲ್ಲ, ರಾತ್ರಿಯೂ ಸಿಗುತ್ತಾರೆ. ಹೆಸರಿಲ್ಲದೆ ಪತ್ರ ಬರೆದಷ್ಟೇ ಸುಲಭ.
– ಓದುಗಿ, ದಾವಣಗೆರೆ

ನಾನೂ ಮಲೆನಾಡಿನವಳೇ. ದುರ್ಗಕ್ಕೆ ಬಂದ ಮೊದಲ ಬೇಸಿಗೆ ಹಸಿರು ಬೇಕು ಅಂತ ಅತ್ತಿದ್ದೇನೆ. ಈ ಬಂಡೆಗಳು 250 ಕೋಟಿ ವರ್ಷಕ್ಕೂ ಹಳೆಯವು ಅಂತ ಮಗನ ಪಾಠ ಓದಿಸುವಾಗ ಗೊತ್ತಾಯಿತು. ಆಗ ಇನ್ನೂ ಜಾಸ್ತಿ ಒಂಟಿ ಅನ್ನಿಸಿತು, ಸುಳ್ಳು ಹೇಳಲ್ಲ. ನನಗೆ ಊರು ಹತ್ತಿರವಾಗಿದ್ದು ಚಂದ್ರವಳ್ಳಿಯಲ್ಲಿ. ಬೆಳಿಗ್ಗೆ ಕೆರೆ ಕಡೆ ವಾಕಿಂಗ್‌ಗೆ ನಾವು ನಾಲ್ಕೈದು ಹೆಂಗಸರು ಹೋಗುತ್ತೇವೆ. ಸುಮ್ನೆ ಬನ್ನಿ, ಏನೂ ಹೇಳಿಕೊಳ್ಳಬೇಕಾಗಿಲ್ಲ. ಮಳೆ ಹಿಡಿದರೆ ಜೋಗಿಮಟ್ಟಿ ಬೆಟ್ಟಕ್ಕೆ ಮಂಜು ಇಳಿಯುತ್ತದೆ, ಥೇಟ್ ನಮ್ಮೂರೇ. ಈ ಸಲ ಜೊತೆಗೇ ಹತ್ತೋಣ, ಅಲ್ವಾ?
– ಓದುಗಿ, ಚಿತ್ರದುರ್ಗ