ಓದುಗರ ಸ್ಪಂದನ: ‘ದುಡ್ಡಿಲ್ಲದ ನಾನು ನಿರ್ಮಾಪಕ ಆಗಬಹುದಾ?’

ಮಂಡಿಗೆ ಪೆಟ್ಟಾಗಿ ಫುಟ್‌ಬಾಲ್ ಬಿಟ್ಟಿರಿ, ಈಗ ಸಿನಿಮಾ ನಿರ್ಮಾಪಕ ಆಗುವ ಆಸೆ, ಮನೆಯವರು ‘ಅದು ದುಡ್ಡಿರೋರ ಕೆಲಸ’ ಅಂತಾರೆ. ನಿಮ್ಮ ಪತ್ರ ಓದಿದಾಗ ನನಗೆ ತಕ್ಷಣ ನೆನಪಾದವರು ಸ್ಪೇನಿನ ಸಿನಿಮಾ ನಿರ್ಮಾಪಕ ಎಲಿಯಾಸ್ ಕೆರೆಹೆತಾ. 1934ರಲ್ಲಿ ಬಾಸ್ಕ್ ನಾಡಿನ ಎರ್ನಾನಿಯಲ್ಲಿ ಹುಟ್ಟಿದವರು. ಅವರೂ ಮೊದಲು ಫುಟ್‌ಬಾಲ್ ಆಟಗಾರರೇ, ಅದೂ ರಿಯಲ್ ಸೊಸಿಯೆದಾದ್ ತಂಡದಲ್ಲಿ. ಆಟ ಬಿಟ್ಟು ಮ್ಯಾಡ್ರಿಡ್ ಸೇರಿ, 1963ರಲ್ಲಿ ಸ್ವಂತ ನಿರ್ಮಾಣ ಸಂಸ್ಥೆ ಕಟ್ಟಿದರು.

ನಿರ್ದೇಶಕ ಕಾರ್ಲೋಸ್ ಸೌರಾ ಜೊತೆ ಮಾಡಿದ ‘ಲಾ ಕಾಥಾ’ ನೋಡಿ. ನಾಲ್ಕು ಜನ ಗಂಡಸರು, ಸುಡುವ ಬಿಸಿಲು, ಒಂದು ಒಣ ಕಣಿವೆ. ಸೆಟ್ಟಿಲ್ಲ, ಅಬ್ಬರವಿಲ್ಲ. ಮೊದಲು ಅದರ ಹೆಸರು ‘ಮೊಲದ ಬೇಟೆ’ ಅಂತಿತ್ತು. ಸೆನ್ಸಾರಿನವರು ಮೊಲ ತೆಗೆಸಿದರು, ಬರೀ ‘ಬೇಟೆ’ ಉಳಿಯಿತು. ಹೆಸರು ಇನ್ನೂ ಗಟ್ಟಿಯಾಯಿತು, ಅಲ್ವಾ? 1966ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಸೌರಾಗೆ ‘ಬೆಳ್ಳಿ ಕರಡಿ’ ಪ್ರಶಸ್ತಿ ಬಂತು.

ನನಗೆ ಜಾಸ್ತಿ ಇಷ್ಟವಾಗುವುದು ಇದೇ ಜೋಡಿಯ 1974ರ ಚಿತ್ರ ‘ಲಾ ಪ್ರಿಮಾ ಆಂಹೆಲಿಕಾ’ ಸಂಗತಿ. ಅದರಲ್ಲಿ ಸ್ಪೇನಿನ ಸರ್ವಾಧಿಕಾರಿ ಫ್ರಾಂಕೋ ಪಕ್ಷದ ಸಮವಸ್ತ್ರ ತೊಟ್ಟ ಒಬ್ಬನ ಕೈ ಮುರಿದಿರುತ್ತದೆ. ಪ್ಲಾಸ್ಟರ್ ಹಾಕಿದ ಆ ಕೈ ಸಲ್ಯೂಟ್ ಹೊಡೆದ ಹಾಗೆ ಮೇಲಕ್ಕೇ ನಿಂತುಬಿಟ್ಟಿದೆ, ಇಳಿಯುವುದೇ ಇಲ್ಲ. ಫ್ರಾಂಕೋ ಇನ್ನೂ ಬದುಕಿದ್ದ ಕಾಲ ಅದು. ಬಾರ್ಸಿಲೋನಾದಲ್ಲಿ ಚಿತ್ರ ನಡೆಯುತ್ತಿದ್ದ ಥಿಯೇಟರಿಗೆ ಬೆಂಕಿ ಬಾಂಬ್ ಬಿತ್ತು. ಕತ್ತರಿ ಹಾಕಿ ಎಂಬ ಒತ್ತಡಕ್ಕೆ ಕೆರೆಹೆತಾ ಬಗ್ಗಲಿಲ್ಲ. ನಿರ್ಮಾಪಕ ಅಂದರೆ ದುಡ್ಡಿನ ಗಂಟು ಅಷ್ಟೇ ಅಲ್ಲ ಅಂತ ಮನೆಯವರಿಗೆ ಈ ಕತೆ ಹೇಳಿ.

– ಓದುಗರೊಬ್ಬರು, ಧಾರವಾಡ

ನಾನು ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಇದೇ ಕೆರೆಹೆತಾ 1973ರಲ್ಲಿ ವಿಕ್ತೋರ್ ಎರಿಥೆ ಎಂಬ ಹೊಸ ನಿರ್ದೇಶಕನನ್ನು ನಂಬಿ ‘ಜೇನುಗೂಡಿನ ಆತ್ಮ’ ಮಾಡಿದರು. ಹತ್ತು ವರ್ಷದ ಮೇಲೆ ಅದೇ ನಿರ್ದೇಶಕನ ‘ಎಲ್ ಸುರ್’ ಶೂಟಿಂಗನ್ನು ಅರ್ಧಕ್ಕೇ ನಿಲ್ಲಿಸಿದರು. ‘ಸುರ್’ ಅಂದರೆ ದಕ್ಷಿಣ. ಹುಡುಗಿ ದಕ್ಷಿಣಕ್ಕೆ ಹೊರಡುವಲ್ಲಿ ಚಿತ್ರ ಮುಗಿಯುತ್ತದೆ, ದಕ್ಷಿಣ ನಮಗೆ ಕಾಣುವುದೇ ಇಲ್ಲ. ಅದು ಚೆಂದದ ಚಿತ್ರ ಅಂತ ಲೋಕ ಒಪ್ಪಿದೆ. ಆದರೆ ಎರಿಥೆಗೆ ಅದು ಮುಗಿಯದ ಚಿತ್ರವೇ. ನಿರ್ಮಾಪಕ ಆದರೆ ಒಂದು ದಿನ ನೀವೂ ‘ಸಾಕು’ ಅನ್ನಬೇಕಾಗುತ್ತದೆ, ನೀವು ಮೆಚ್ಚಿದವರ ಮುಖಕ್ಕೇ. ಆ ಗಟ್ಟಿತನ ಇದೆಯಾ ನೋಡಿಕೊಳ್ಳಿ.

– ಓದುಗರೊಬ್ಬರು, ಮೈಸೂರು

ತಮ್ಮಾ, ನಾನು ಇಪ್ಪತ್ತು ವರ್ಷ ಪ್ರೊಡಕ್ಷನ್ ಮ್ಯಾನೇಜರ್ ಆಗಿದ್ದವನು. ಆ ಕೆರೆಹೆತಾ ಚಿತ್ರದಿಂದ ಚಿತ್ರಕ್ಕೆ ಅದೇ ಕ್ಯಾಮೆರಾದವರು, ಅದೇ ಎಡಿಟರ್ ಇಟ್ಟುಕೊಂಡು ಬಂದರಂತೆ. ಗುಟ್ಟು ಅಲ್ಲಿದೆ. ನೀನು ತಂಡದಲ್ಲಿ ಆಡಿದವನು, ನಿನಗೆ ಅದು ಗೊತ್ತು. ಸದ್ಯಕ್ಕೆ ಯಾವುದಾದರೂ ಸಣ್ಣ ಚಿತ್ರದ ಪ್ರೊಡಕ್ಷನ್‌ನಲ್ಲಿ ಸೇರು. ಬೆಳಗ್ಗೆ ನಾಲ್ಕಕ್ಕೆ ತಿಂಡಿ ಗಾಡಿ ಹೊರಡಿಸು, ಸಂಜೆ ಎಲ್ಲರ ಬಾಟಾ, ಅಂದರೆ ದಿನದ ಭತ್ಯೆ, ಎಣಿಸಿ ಕೊಡು. ಲೈಟ್ ಹುಡುಗನ ಹೆಸರು ನೆನಪಿಟ್ಟುಕೋ.

– ಓದುಗರೊಬ್ಬರು, ಬೆಂಗಳೂರು