ಅಕ್ಕನ ಕೆಲಸದ ವಿಚಾರವಾಗಿ ಚಿಕ್ಕಪ್ಪನಿಗೆ

ಚಿಕ್ಕಪ್ಪ, ಅಂಕೋಲೆಯ ಅಕ್ಕ ಸರ್ಕಾರಿ ಕಚೇರಿಯಲ್ಲಿ ಮಾಡುತ್ತಿರುವ ಕೆಲಸ ಖಾಯಂ ಆಗಬೇಕೆಂಬ ಮಾತಿಗೆ ನೀವು ಹೇಳಿದ್ದನ್ನು ಪೂರ್ತಿ ಕೇಳಿದೆ. ‘ಅರೆಕಾಲಿಕ ಎಂದು ಗೊತ್ತಿದ್ದೇ ಸೇರಿದ್ದಲ್ಲವೇ, ಪರೀಕ್ಷೆಗೆ ಓದಿಕೊಂಡು ಕಾಯುತ್ತಿರುವ ಹುಡುಗರ ಗತಿಯೇನು’ ಎಂದಿರಿ. ಹುಡುಗರ ಮೇಲಿನ ನಿಮ್ಮ ಕಾಳಜಿ ಸರಿ. ಆದರೆ ಆ ಕೆಲಸಕ್ಕೆ ಇಷ್ಟು ವರ್ಷ ಅರ್ಜಿಯನ್ನೇ ಕರೆದಿಲ್ಲವಲ್ಲ! ಕರೆಯದೆ ದುಡಿಸಿಕೊಂಡವರನ್ನು ಬಿಟ್ಟು ದುಡಿದವಳನ್ನು ಕೇಳುವುದು ಯಾವ ನ್ಯಾಯ?

ಆದೇಶದಲ್ಲಿ ನಾಲ್ಕು ತಾಸು ಎಂದಿದೆ. ಬೆಳಿಗ್ಗೆ ಕಚೇರಿಯ ಬೀಗ ತೆಗೆಯುವವಳು ಅವಳೇ, ಸಂಜೆ ಸಾಹೇಬರು ಹೊರಟ ಮೇಲೆ ಹಾಕುವವಳೂ ಅವಳೇ. ನಡುವೆ ಗುಡಿಸಬೇಕು, ನೀರು ತುಂಬಬೇಕು, ಟಪಾಲು ಕೊಟ್ಟು ಬರಬೇಕು. ಆಷಾಢದಲ್ಲಿ ಹಂಚು ಸೋರಿದಾಗ ಸ್ಟೂಲು ಹತ್ತಿ ಕಡತದ ಕಪಾಟಿಗೆ ತಾಡಪಾಲು ಹೊದೆಸುತ್ತಿದ್ದುದನ್ನು ನಾನೇ ನೋಡಿದ್ದೇನೆ. ಹಾಜರಿ ಪುಸ್ತಕದಲ್ಲಿ ಮಾತ್ರ ಅವಳ ಹೆಸರಿಲ್ಲ. ಸಂಬಳ ಸಾದಿಲ್ವಾರು ಬಿಲ್ಲಿನಲ್ಲಿ, ಅಂದರೆ ಕಚೇರಿಯ ಚಿಲ್ಲರೆ ಖರ್ಚಿನ ಲೆಕ್ಕದಲ್ಲಿ, ಪೊರಕೆ, ಫಿನಾಯಿಲಿನ ಖರ್ಚಿನ ಜೊತೆಗೆ. ನನಗೆ ಸಂಕಟವಾಗುವುದು ಇದಕ್ಕೇ.

ನೀವು ಹೇಳಿದ ಉಮಾದೇವಿ ಪ್ರಕರಣ ನಮ್ಮ ರಾಜ್ಯದ್ದೇ, ಸುಪ್ರೀಂ ಕೋರ್ಟಿನ 2006ರ ಏಪ್ರಿಲ್‌ನ ತೀರ್ಪು. ಹಿಂಬಾಗಿಲ ನೇಮಕಾತಿ ಸಲ್ಲದು ಎಂದಿತು, ನಿಜ. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಬಲವಿಲ್ಲದೆ ಹತ್ತು ವರ್ಷ ದುಡಿದ ಅರ್ಹರನ್ನು ಒಂದು ಬಾರಿಗೆ ಸಕ್ರಮಗೊಳಿಸಿ ಎಂದೂ ಅದೇ ತೀರ್ಪಿನಲ್ಲಿದೆ. ಕಚೇರಿಗಳು ಮೊದಲ ಮಾತನ್ನು ಹಿಡಿದುಕೊಂಡು ಎರಡನೆಯದನ್ನು ಬಿಟ್ಟವು. 2024ರ ಡಿಸೆಂಬರ್ 20ರ ಜಗ್ಗೋ ತೀರ್ಪು ಇದನ್ನೇ ಆಕ್ಷೇಪಿಸಿದೆ. ಆ ಪ್ರಕರಣದ ಅರ್ಜಿದಾರರೂ ಅಕ್ಕನಂಥವರೇ, ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ಗುಡಿಸುವ, ಗಿಡ ನೋಡಿಕೊಳ್ಳುವ ಕೆಲಸದವರು. ಖಾಯಂ ಮಾಡಿ ಎಂದು ಕೇಂದ್ರ ಆಡಳಿತ ನ್ಯಾಯಮಂಡಳಿಗೆ ಹೋದರು. 2018ರಲ್ಲಿ ಆ ಅರ್ಜಿ ವಜಾ ಆಯಿತು, ಅದೇ ವರ್ಷ ಕೆಲಸದಿಂದಲೇ ತೆಗೆದುಹಾಕಿದರು. ಹೆಸರಿಗೆ ಅರೆಕಾಲಿಕವಾದರೂ ಕೆಲಸ ನಿತ್ಯದ್ದು ಎಂದು ಕಂಡ ಸುಪ್ರೀಂ ಕೋರ್ಟು ಅವರನ್ನು ಮರಳಿ ತೆಗೆದುಕೊಂಡು ಸಕ್ರಮಗೊಳಿಸಲು ಹೇಳಿತು. ಹೊರಗಿದ್ದ ಅವಧಿಯ ಸಂಬಳ ಸಿಗಲಿಲ್ಲ, ನಿವೃತ್ತಿ ಸೌಲಭ್ಯಕ್ಕೆ ಸೇವೆಯ ಲೆಕ್ಕ ಸಿಕ್ಕಿತು.

ಹಾಗೆಂದು ನನ್ನ ತಮ್ಮ ನಮ್ಮ ಮನೆಯವರ ಈ ಗುಂಪಿನಲ್ಲಿ ಹಾಕಿದ ‘ಇನ್ನು ಎಲ್ಲರೂ ತಾನಾಗಿಯೇ ಖಾಯಂ’ ಎಂಬ ಸಂದೇಶವನ್ನು ನಂಬಿ ಕೂರಬೇಡಿ. ಕೇಳಿದವರಿಗೆ, ದಾಖಲೆ ಇದ್ದವರಿಗೆ ಮಾತ್ರ ದಾರಿ. ಅಕ್ಕ, ಮೊದಲ ಆದೇಶದ ಪ್ರತಿ, ಸಂಬಳ ಜಮೆಯಾದ ಪಾಸ್‌ಬುಕ್ಕುಗಳನ್ನು ತೆಗೆದಿಡು. ಹಳೆಯ ಬಿಲ್ಲು, ನಿನ್ನ ಸಹಿ ಇರುವ ಟಪಾಲು ಪುಸ್ತಕದ ಪುಟ, ಹುದ್ದೆ ಮಂಜೂರಾದದ್ದೇ ಎಂಬ ವಿವರ ಇವನ್ನೆಲ್ಲ 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಕೇಳೋಣ. ಹೊರಗುತ್ತಿಗೆ ಏಜೆನ್ಸಿಯ ಕಾಗದಕ್ಕೆ ಸಹಿ ಹಾಕು ಎಂದರೆ ವಕೀಲರಿಗೆ ತೋರಿಸುವ ತನಕ ಹಾಕಬೇಡ. ಇಲಾಖೆ ಒಪ್ಪದಿದ್ದರೆ ಯಾವ ನ್ಯಾಯಾಲಯಕ್ಕೆ ಹೋಗಬೇಕೆಂದು ವಕೀಲರನ್ನೇ ಕೇಳೋಣ.

ಭಾನುವಾರ ಕಾರವಾರದಿಂದ ಬೆಳಗಿನ ಬಸ್ಸಿಗೆ ಬರುತ್ತೇನೆ. ಚಿಕ್ಕಪ್ಪ, ನೀವು ಸರ್ಕಾರಿ ಪತ್ರಗಳ ಒಕ್ಕಣೆ ಬಲ್ಲವರು, ಅರ್ಜಿಯನ್ನು ನೀವೇ ತಿದ್ದಿಕೊಡಬೇಕು.