‘ಸನ್‌ರೈಸ್’ ಚಿತ್ರದ ಹೆಂಡತಿಯ ಕ್ಷಮೆ ನಂಬುವಂತಿದೆಯೇ?

ಪ್ರಶ್ನೆ (ಹಾಸನದಿಂದ):
ಕಳೆದ ಭಾನುವಾರ ನಮ್ಮ ಮನೆಯಲ್ಲಿ ನಾಲ್ಕಾರು ಮಂದಿ ಕೂಡಿ 1927ರ ‘ಸನ್‌ರೈಸ್’ ಎಂಬ ಮೂಕಿ ಚಿತ್ರವನ್ನು ನೋಡಿದೆವು. ಪಟ್ಟಣದ ಹೆಣ್ಣಿನ ಮೋಹಕ್ಕೆ ಬಿದ್ದ ರೈತನೊಬ್ಬ ಹೆಂಡತಿಯನ್ನು ದೋಣಿಯಲ್ಲಿ ಕರೆದೊಯ್ದು ಮುಳುಗಿಸಲು ಹೊರಟು, ಕೊನೆಯ ಗಳಿಗೆಯಲ್ಲಿ ಕೈ ಬಾರದೆ ಹಿಂಜರಿಯುತ್ತಾನೆ. ಸಂಜೆಯ ಹೊತ್ತಿಗೆ ಅವರಿಬ್ಬರೂ ಪಟ್ಟಣದ ಬೀದಿಯಲ್ಲಿ ನಗುತ್ತಾ ನಡೆಯುತ್ತಿರುತ್ತಾರೆ. “ಕೊಲ್ಲಲು ಬಂದವನನ್ನು ಒಂದೇ ಹಗಲಿನಲ್ಲಿ ಯಾರು ಕ್ಷಮಿಸುತ್ತಾರೆ?” ಎಂದು ನಮ್ಮ ಅತ್ತೆಯವರು ಕೇಳಿದರು. ಚಿತ್ರ ನನ್ನ ಮನಸ್ಸನ್ನು ಹಿಡಿದಿಟ್ಟಿದ್ದರೂ ಅವರಿಗೆ ಹೇಳಲು ಉತ್ತರ ಹೊಳೆಯಲಿಲ್ಲ. ಹೆಂಡತಿಯ ಪಾತ್ರದ ಜಾನೆಟ್ ಗೇನರ್ ಅವರಿಗೆ ಆಸ್ಕರ್ ಬಂದದ್ದು ಇದೇ ಅಭಿನಯಕ್ಕೋ ಎಂಬುದನ್ನೂ ಬಲ್ಲವರು ತಿಳಿಸಬೇಕು.

ಉತ್ತರ (ಚಿಕ್ಕಮಗಳೂರಿನಿಂದ):
ಪ್ರಶಸ್ತಿಯ ಮಾತನ್ನು ಮೊದಲು ಮುಗಿಸುತ್ತೇನೆ. 1929ರ ಮೇ 16ರಂದು ನಡೆದ ಮೊದಲ ಆಸ್ಕರ್ ಸಮಾರಂಭದಲ್ಲಿ ಗೇನರ್ ಅವರಿಗೆ ‘ಸೆವೆಂತ್ ಹೆವನ್’, ‘ಸ್ಟ್ರೀಟ್ ಏಂಜೆಲ್’ ಮತ್ತು ‘ಸನ್‌ರೈಸ್’ ಮೂರನ್ನೂ ಸೇರಿಸಿ ಒಂದೇ ಪ್ರಶಸ್ತಿ ಕೊಡಲಾಯಿತು. ಛಾಯಾಗ್ರಾಹಕರಾದ ಚಾರ್ಲ್ಸ್ ರೋಶರ್ ಮತ್ತು ಕಾರ್ಲ್ ಸ್ಟ್ರಸ್ ಅವರೂ ಈ ಚಿತ್ರಕ್ಕಾಗಿ ಪ್ರಶಸ್ತಿ ಪಡೆದರು.

ಇನ್ನು ಕ್ಷಮೆಯ ವಿಚಾರ. ಅವಳು ಒಂದೇ ಏಟಿಗೆ ಕ್ಷಮಿಸುವುದಿಲ್ಲ; ದೋಣಿ ದಡ ಮುಟ್ಟಿದೊಡನೆ ಓಡಿ ಟ್ರಾಮ್ ಹತ್ತುತ್ತಾಳೆ, ಅವನು ಬೆನ್ನಟ್ಟಿ ಬಂದರೂ ಅವನ ಮುಖ ನೋಡುವುದಿಲ್ಲ. ಹೋಟೆಲಿನಲ್ಲಿ ಅವನು ತಿಂಡಿಯ ತಟ್ಟೆಯನ್ನು ಮುಂದೆ ಸರಿಸಿದಾಗ ಒಂದು ಚೂರು ಕೈಗೆತ್ತಿಕೊಳ್ಳುತ್ತಾಳೆ, ಆದರೆ ಅಳು ಉಕ್ಕಿ ಬರುತ್ತದೆ. ಇಪ್ಪತ್ತರ ಹರೆಯದ ಆ ನಟಿ ಇಲ್ಲಿ ದುಃಖವನ್ನು ಹಿಗ್ಗಿಸಿ ತೋರಿಸದೆ, ಬಾಗಿದ ಹೆಗಲಿನಲ್ಲಿಯೇ ಎಲ್ಲವನ್ನೂ ಹೇಳಿಬಿಡುತ್ತಾರೆ. ಮುಂದೆ ಚರ್ಚಿನಲ್ಲಿ ಯಾರದೋ ಮದುವೆ ನಡೆಯುತ್ತಿರುವಾಗ, ಪಾದ್ರಿ ವರನಿಗೆ ಹೇಳುವ ಮಾತು ಕೇಳಿ ಗಂಡನೇ ಕುಸಿದು ಅಳುತ್ತಾನೆ, ಆಗ ಅವಳು ಅವನನ್ನು ಸಂತೈಸುತ್ತಾಳೆ. ಗಂಡನಾಗಿ ನಟಿಸಿದ ಜಾರ್ಜ್ ಓಬ್ರಿಯನ್ ಗಟ್ಟಿಮುಟ್ಟಾದ ಆಳು; ಹೆಜ್ಜೆ ಭಾರವಾಗಿ ಬೀಳಲೆಂದು ನಿರ್ದೇಶಕ ಮುರ್ನೌ ಈ ನಟನ ಬೂಟಿನಲ್ಲಿ ತೂಕ ಇರಿಸಿದ್ದರು. ಚಿತ್ರದ ಮೊದಲ ಭಾಗದಲ್ಲಿ ಪಾಪವನ್ನು ಬೆನ್ನ ಮೇಲೆ ಹೊತ್ತವನಂತೆ ನಡೆಯುವ ಆ ದೇಹ ಚರ್ಚಿನಲ್ಲಿ ಮುರಿದು ಬೀಳುವುದರಿಂದಲೇ ನನಗೆ ಆ ಕ್ಷಮೆ ನಿಜವೆನಿಸಿತು.

ಉತ್ತರ (ಸಕಲೇಶಪುರದಿಂದ):
ಮೇಲಿನವರ ಮಾತನ್ನು ಅರ್ಧ ಮಾತ್ರ ಒಪ್ಪುತ್ತೇನೆ. ಚರ್ಚಿಗಿಂತ ನನಗೆ ಮುಖ್ಯವೆನಿಸುವುದು ಜೊಂಡಿನ ಕಂತೆ. ದೋಣಿ ಮಗುಚಿದ ಮೇಲೆ ತಾನು ತೇಲಿ ಬದುಕಲೆಂದು ಗಂಡ ಬಚ್ಚಿಟ್ಟುಕೊಂಡದ್ದು ಅದು. ಮರಳುವಾಗ ಬಿರುಗಾಳಿ ಎದ್ದಾಗ ಅದನ್ನೇ ಅವನು ಹೆಂಡತಿಗೆ ಕಟ್ಟುತ್ತಾನೆ, ಅವಳು ಉಳಿಯುತ್ತಾಳೆ. ಬೆನ್ನಿಗೆ ಬೆಂಡು ಕಟ್ಟಿಕೊಂಡು ಕೆರೆಯಲ್ಲಿ ಈಜು ಕಲಿತ ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಆದ್ದರಿಂದ ಅವನು ಕ್ಷಮೆಗೆ ಯೋಗ್ಯನಾಗುವುದು ಪಟ್ಟಣದಲ್ಲಲ್ಲ, ನೀರಿನ ಮೇಲೆ.

ಕತ್ತಲಲ್ಲಿ ಅವಳನ್ನು ಹುಡುಕುವಾಗ ಅವನ ಕೂಗಿನ ಬದಲಿಗೆ ಕೊಂಬಿನ ನಾದ ಕೇಳಿಸುತ್ತದೆ. ಸಂಭಾಷಣೆ ಇಲ್ಲದಿದ್ದರೂ ಈ ಚಿತ್ರಕ್ಕೆ ಫಿಲ್ಮಿನಲ್ಲಿಯೇ ಮುದ್ರಿಸಿದ ಸಂಗೀತವಿತ್ತು. ದಯವಿಟ್ಟು ಧ್ವನಿ ಅಡಗಿಸಿ ನೋಡಬೇಡಿ. ಮೂಲ ನೆಗೆಟಿವ್ 1937ರ ಬೆಂಕಿಯಲ್ಲಿ ನಾಶವಾಯಿತು, ನಮಗೆ ದಕ್ಕಿರುವುದು ಉಳಿದ ಪ್ರತಿಗಳಿಂದ ಬಂದದ್ದು ಎಂಬುದನ್ನು ನೆನೆದರೆ ಆ ನಾದ ನನಗೆ ಇನ್ನಷ್ಟು ಅಮೂಲ್ಯವಾಗಿ ಕೇಳುತ್ತದೆ.

ಪ್ರಶ್ನೆ ಕೇಳಿದವರು (ಹಾಸನದಿಂದ):
ಇಬ್ಬರಿಗೂ ಕೃತಜ್ಞತೆಗಳು. ನಿನ್ನೆ ರಾತ್ರಿ ಅತ್ತೆಯವರೊಡನೆ ಮತ್ತೆ ನೋಡಿದೆ. ತಿಂಡಿಯ ತಟ್ಟೆಯ ದೃಶ್ಯದಲ್ಲಿ ಅವರು “ಇದು ಸರಿ, ಗಂಟಲಲ್ಲಿ ಹೇಗೆ ಇಳಿದೀತು” ಎಂದರು. ಚರ್ಚಿನ ದೃಶ್ಯವನ್ನು ಅವರು ಈಗಲೂ ಒಪ್ಪಿಲ್ಲ, ಆದರೆ ಜೊಂಡಿನ ಕಂತೆಯನ್ನು ಹೆಂಡತಿಗೆ ಕಟ್ಟುವಾಗ ಎದ್ದು ಪರದೆಯ ಹತ್ತಿರ ಹೋಗಿ ಕುಳಿತರು.